ಲೀಪಾ ಊರಿನಲ್ಲಿ ನಿಮ್ಮ ದೀಪ

ರೀ,

ಮನೆ ಮಾರಿದೆ. ಈ ತಿಂಗಳ ಕೊನೆಗೆ ಟ್ರಾಯ್‌ಗೆ, ಮಗಳು ಸುಮಾಳ ಮನೆಗೆ ಹೋಗುತ್ತೇನೆ. ಅಲ್ಲಿ ನನಗೆ ತೊಂದರೆಯೇನಿಲ್ಲ. ಆದರೆ ಮಿಷಿಗನ್ನಿನ ಈ ಪುಟ್ಟ ಲೀಪಾ ಬಿಡುವ ಮೊದಲು ಇಲ್ಲಿ ನಿಮಗಾಗಿ ಒಂದು ದೀಪ ಉರಿಯಲೇಬೇಕೆಂದು ಹಟವಿತ್ತು. ಇಷ್ಟು ವರ್ಷ ಈ ಊರಿನ ಜ್ವರ, ಬಾಣಂತನ, ಮೂಳೆ ಮುರಿತ ಎಲ್ಲವನ್ನೂ ನೋಡಿಕೊಂಡ ಡಾಕ್ಟರಿಗೆ ಇಲ್ಲೊಂದು ಗುರುತೂ ಬೇಡವೇ? ನಿಮ್ಮ ಇಷ್ಟದಂತೆ ಅಸ್ಥಿಯನ್ನು ಶ್ರೀರಂಗಪಟ್ಟಣಕ್ಕೆ ಒಯ್ದು ಪಶ್ಚಿಮವಾಹಿನಿಯಲ್ಲಿ ಬಿಟ್ಟು ಬಂದೆವು. ಸಮಾಧಿಯೇ ಇಲ್ಲದವರಿಗೆ ದೀಪ ಎಲ್ಲಿಡುವುದು...

ನಾವು ಬಂದ ಮೊದಲ ನವೆಂಬರ್ ನೆನಪಾಗುತ್ತದೆ. ಪಕ್ಕದ ಮನೆಯ ಲಿಬಿ ಬಾಗಿಲು ತಟ್ಟಿ ನಿಮ್ಮ ಕೈಗೊಂದು ಮೇಣದ ದೀಪ ಕೊಟ್ಟಿದ್ದಳು. ಅಂದು ಈ ಊರಿನ ಚೆಕ್ ಜನರಿಗೆ ಸತ್ತವರ ದಿನ, ಒಂದು ಸಮಾಧಿಯೂ ಕತ್ತಲಲ್ಲಿರಬಾರದು. ವಂಶ ಮುಗಿದವರ ಸಮಾಧಿಗಳನ್ನು ಊರವರು ಹಂಚಿಕೊಳ್ಳುತ್ತಾರೆ. ನಿಮ್ಮ ಪಾಲಿಗೆ ಬಂದದ್ದು ಮೂಲೆಯಲ್ಲಿದ್ದ ಮಕ್ಕಳ ಸಮಾಧಿ. ನೀವು ತಿರುಗಿ ಬರುವ ಹೊತ್ತಿಗೆ ನಾನು ಗರಾಜಿನಲ್ಲಿ ಬಕೆಟ್ ಬಿಸಿನೀರು ಇಟ್ಟುಕೊಂಡು ನಿಂತಿದ್ದೆ.

"ಸ್ಮಶಾನದಿಂದ ಬಂದಿದೀರ. ಇಲ್ಲೇ ಸ್ನಾನ ಮಾಡಿ ಒಳಗೆ ಬನ್ನಿ."

"ಹೊರಗೆ ನೀರು ಹೆಪ್ಪುಗಟ್ಟಿದೆ ಕಣೇ. ಇಲ್ಲಿ ಸ್ನಾನ ಮಾಡಿದ್ರೆ ನಾಳೆ ಲಿಬಿ ನನಗೂ ಒಂದು ದೀಪ ಹಚ್ತಾಳೆ."

ಎಷ್ಟು ನಕ್ಕಿದ್ದೆವು.

ಒಂದು ಭಾನುವಾರ, ಲಿಬಿ ತಂದ ಗಸಗಸೆ ಹೂರಣದ ಬನ್ನು ತಿನ್ನುತ್ತಾ ನೀವು ಆ ಮಕ್ಕಳು ಯಾರೆಂದು ಕೇಳಿದಿರಿ. ಊರಿನ ಕಥೆಯೇ ಅಲ್ಲಿಂದ ಶುರುವಾಗುತ್ತದೆ ಎಂದಳು. ಷಿಕಾಗೋದಲ್ಲಿ ಕೂಲಿ ಮಾಡುತ್ತಿದ್ದ ಕೆಲವು ಚೆಕ್ ಕುಟುಂಬಗಳು ತಮ್ಮ ಭಾಷೆಯ ಪತ್ರಿಕೆಯಲ್ಲಿ ಮಿಷಿಗನ್ನಿನ ಜಮೀನಿನ ಜಾಹೀರಾತು ಓದಿ ಇಲ್ಲಿಗೆ ಬಂದವಂತೆ. ಬಂದು ನೋಡಿದರೆ ಕಣ್ಣು ಹಾಯುವಷ್ಟು ದೂರ ಕಡಿದ ಪೈನ್ ಮರಗಳ ಬೊಡ್ಡೆಗಳು. ಮೊದಲ ಚಳಿಗಾಲದಲ್ಲೇ ಗಂಟಲು ಕಟ್ಟಿ ಮಕ್ಕಳು ಸತ್ತವು. ವಸಂತದಲ್ಲಿ ಗಂಡಸರು ಷಿಕಾಗೋಗೆ ಹಿಂದಿರುಗಲು ಗಾಡಿ ಕಟ್ಟಿದರೆ, ತಾಯಂದಿರು ಆ ಮೂಲೆಯಲ್ಲಿ ಕುಳಿತವರು ಏಳಲಿಲ್ಲ; ಕೊನೆಗೆ ಎಲ್ಲರೂ ಇಲ್ಲೇ ಉಳಿದರು. ಚರ್ಚು, ಶಾಲೆ, ಕುಣಿತದ ಹಾಲ್ ಎಲ್ಲವೂ ಆಮೇಲೆ ಬಂದವು. ಊರಿಗಿಂತ ಮೊದಲು ಇಲ್ಲಿ ಇದ್ದದ್ದು ಸ್ಮಶಾನ.

ಪತ್ರಿಕೆಯಲ್ಲಿ ಕೆಲಸ ಮಾಡಿದವಳಲ್ಲವೇ, ನಾನು ಪರಿಶೀಲಿಸಿದೆ. ಕಲ್ಲಿನ ಮೇಲಿನ ವರ್ಷಗಳು ಹೊಂದುತ್ತವೆ. ತಾಯಂದಿರು ಕುಳಿತದ್ದಕ್ಕೆ ಮಾತ್ರ ಲಿಬಿಯ ಅಜ್ಜಿಯ ಮಾತು ಬಿಟ್ಟರೆ ಬೇರೆ ಆಧಾರವಿಲ್ಲ. ನಿಮಗೆ ಆಧಾರ ಬೇಕಿರಲಿಲ್ಲ. "ಡಿಫ್ತೀರಿಯಾ ಇರ್ಬೇಕು. ಈಗಾದ್ರೆ ಒಂದು ಲಸಿಕೆ ಸಾಕಿತ್ತು ಕಣೇ," ಎಂದು ಬನ್ನನ್ನು ಪಕ್ಕಕ್ಕಿಟ್ಟಿರಿ. ಆಮೇಲೆ ಒಂದು ನವೆಂಬರನ್ನೂ ನೀವು ತಪ್ಪಿಸಲಿಲ್ಲ.

ಈ ವರ್ಷದ ಏಪ್ರಿಲ್‌ನಲ್ಲಿ ಆಸ್ಪತ್ರೆಯ ಕೌಂಟರಿನಲ್ಲಿ ರೋಗಿಯ ಹೆಸರು ಕೇಳಿದರು. ನಾನು ಎಂದಿನಂತೆ ನಿಮ್ಮ ಲೈಸೆನ್ಸನ್ನು ಮುಂದಿಟ್ಟೆ. ಗಂಡನ ಹೆಸರು ಬಾಯಲ್ಲಿ ಹೇಳಿದರೆ ಅವನ ಆಯುಸ್ಸು ಕಮ್ಮಿಯಾಗುತ್ತದೆ ಎಂದು ಕೇಳಿಕೊಂಡೇ ಬೆಳೆದವಳು. ಎಷ್ಟು ಓದಿದರೂ, ಎಷ್ಟು ಸುದ್ದಿ ತಿದ್ದಿದರೂ ಅದೊಂದು ಹೋಗಲಿಲ್ಲ. ವೀಲ್‌ಚೇರಿನಲ್ಲಿ ಕುಳಿತೂ ನೀವು ರೇಗಿಸಿದಿರಿ.

"ಒಂದ್ಸಲ ಹೇಳೇ. ಕಮ್ಮಿಯಾಗೋಕೆ ಇನ್ನೆಷ್ಟು ಉಳಿದಿದೆ?"

"ಸುಮ್ನಿರಿ ನೀವು."

ಅದೇ ನಾನು ನಿಮಗೆ ಹೇಳಿದ ಕೊನೆಯ ಮಾತಾಗುತ್ತದೆ ಎಂದು ಗೊತ್ತಿದ್ದರೆ...

ಮೊನ್ನೆ, ಸತ್ತವರ ದಿನದ ಸಂಜೆ, ಲಿಬಿಯ ಜೊತೆ ಸ್ಮಶಾನಕ್ಕೆ ಹೋದೆ. ಮೊದಲು ನಿಮ್ಮ ಪಾಲಿನ ಆ ಮಕ್ಕಳಿಗೆ ದೀಪ ಹಚ್ಚಿದೆ. ಆಮೇಲೆ ಕೇಳಿದೆ, "ಡಾಕ್ಟರದ್ದು ಎಲ್ಲಿಡಲಿ, ಲಿಬಿ? ನಾವು ನದಿಗೆ ಬಿಟ್ಟುಬಿಟ್ವಿ."

ಅವಳು ನಡುವಿನ ದೊಡ್ಡ ಶಿಲುಬೆಯತ್ತ ಕೈ ತೋರಿಸಿದಳು. "ಅದರ ಬುಡದಲ್ಲಿ. ನಮ್ಮ ಹಿರೀಕರು ಅಪ್ಪ ಅಮ್ಮನ್ನ ಸಮುದ್ರದಾಚೆ ಬಿಟ್ಟು ಬಂದಿದ್ರಲ್ಲ, ಅವರಿಗೆ ಅಲ್ಲೇ ಇಡ್ತಿದ್ರು. ದೂರ ಇರೋರಿಗೆಲ್ಲ ಅದೇ ಜಾಗ. ಆದ್ರೆ ಹೆಸರು ಹೇಳಿ ಇಡ್ಬೇಕು."

"ನೀನೇ ಹೇಳು."

"ನಾನೇನು ಮನೆಯವಳಾ? ಮನೆಯವರು ಹೇಳದಿದ್ರೆ ಅದು ಯಾರ ದೀಪವೂ ಅಲ್ಲ."

"ಡಾಕ್ಟರ್," ಎಂದೆ.

"ಡಾಕ್ಟರ್ ಅನ್ನೋದು ಊರಿಗೆ, ಲಲಿತ."

ಹಿಂದೆ ಇನ್ನೂ ಕೆಲವರು ದೀಪ ಹಿಡಿದು ಕಾಯುತ್ತಿದ್ದರು. ಯಾರೂ ಅವಸರ ಮಾಡಲಿಲ್ಲ. ಹೇಳಿಬಿಟ್ಟರೆ ನಿಮಗೇನಾದೀತೋ ಎಂದು ಆಗಲೂ ಹೆದರಿಕೆಯಾಯಿತು, ರೀ. ಇನ್ನು ಆಗುವುದಕ್ಕೆ ಏನೂ ಇಲ್ಲ ಎಂಬುದು ಏಳು ತಿಂಗಳಾದ ಮೇಲೆ, ಅಲ್ಲಿ ನಿಂತಾಗ ಅರ್ಥವಾಯಿತು.

ಕೇಶವ, ಎಂದೆ. ಲಿಬಿ ಅದನ್ನೇ ಮೆಲ್ಲಗೆ ಹೇಳಿದಳು. ಹಿಂದಿದ್ದವರೂ ಹೇಳಿದರು.

ಇನ್ನು ಪ್ರತಿ ನವೆಂಬರ್ ಟ್ರಾಯ್‌ನಿಂದ ಬರುತ್ತೇನೆ. ಸುಮಾ ಡ್ರೈವ್ ಮಾಡುತ್ತಾಳೆ. ಮಕ್ಕಳ ದೀಪ, ನಿಮ್ಮ ದೀಪ, ಎರಡೂ ನನ್ನ ಪಾಲಿಗಿರಲಿ ಎಂದು ಲಿಬಿಗೆ ಹೇಳಿದ್ದೇನೆ.

ನಿಮ್ಮ ಹೆಸರು ಹೇಳುವುದಕ್ಕೆ ಎಷ್ಟು ಚೆನ್ನಾಗಿದೆ. ನನಗೆ ಗೊತ್ತೇ ಇರಲಿಲ್ಲ.

ನಿಮ್ಮ
ಲಲಿತ