ಈ ಸಲ ಕುರ್ಚಿ ಬೇಡ

ಮಾನ್ಯ ಪರೀಕ್ಷಾಧಿಕಾರಿಗಳಿಗೆ ನಮಸ್ಕಾರ.

ಕಾವ್ಯ ಪತ್ರಿಕೆಯ ಮರುಮೌಲ್ಯಮಾಪನದ ಫಲಿತಾಂಶ ಕೇಳಲು ಬಂದಾಗಲೆಲ್ಲ ನಿಮ್ಮ ಗುಮಾಸ್ತರು ಕುರ್ಚಿ ಹಾಕಿ, "ಪಾಸೇ ಆಗಿರುತ್ತೆ, ಮುಂದಿನ ವಾರ ಬಾಮ್ಮ" ಎನ್ನುತ್ತಾರೆ. ಅಷ್ಟು ಚೆನ್ನಾಗಿ ಮಾತಾಡಿಸುವವರಿಗೆ ಲಿಖಿತ ಅರ್ಜಿ ಕೊಡಲು ಸಂಕೋಚಪಟ್ಟು ಸುಮ್ಮನೆ ಮರಳುತ್ತಿದ್ದೆ.

ನನಗೆಂದು ಕಾದಿರಿಸಿದ ಶಿಕ್ಷಕಿಯ ಕೆಲಸವನ್ನು ಫಲಿತಾಂಶ ಬಾರದಿದ್ದರೆ ಶಾಲೆಯವರು ತಿಂಗಳ ಕೊನೆಗೆ ಬೇರೆಯವರಿಗೆ ಕೊಡುತ್ತಾರೆ. ವಕೀಲೆಯಾದ ಚಿಕ್ಕಮ್ಮ ನಿನ್ನೆ ಗದರಿದರು: "ಬಾಯಿಮಾತಿನ ಬೆಲ್ಲ ಹಿಡ್ಕೊಂಡು ಕೋರ್ಟಿಗೆ ಹೋಗೋಕಾಗುತ್ತೇನೇ? ಮೊದಲು ಬರೆದು ಕೇಳು. ಇಲ್ಲ ಅಂದ್ರೂ ಸರಿ, ಉತ್ತರಾನೇ ಕೊಡದಿದ್ರೂ ಸರಿ, ರಿಟ್ ಅರ್ಜಿ ಹಾಕ್ತೀನಿ."

ಆದ್ದರಿಂದ ಬರೆದು ಕೇಳುತ್ತಿದ್ದೇನೆ. ಫಲಿತಾಂಶ ಕೊಡಿ, ಇಲ್ಲವೇ ಕೊಡಲಾಗದೆಂದು ಬರೆದುಕೊಡಿ. ಈ ಪತ್ರ ತಲುಪಿದ್ದಕ್ಕೆ ನನ್ನ ಪ್ರತಿಯ ಮೇಲೆ ಮುದ್ರೆ ಹಾಕಿಸಿ. ಗುಮಾಸ್ತರು ಕುರ್ಚಿ ತರುವುದು ಬೇಡ. ಮುದ್ರೆ ಬೀಳುವವರೆಗೆ ನಿಂತಿರುತ್ತೇನೆ.

ಇಂತಿ,
ನಿಮ್ಮ ಕಚೇರಿಯವರು 'ಪಾಪದ ಹುಡುಗಿ' ಎನ್ನುವ ವಿದ್ಯಾರ್ಥಿನಿ