ಅವ್ವ ನೋಡಿದ ನಿಮ್ಮ ಸಿನಿಮಾ

ಅಪ್ಪಾ,

ನೀವು ತೀರಿಕೊಂಡ ಮೇಲೆ, ನಿನ್ನೆ ಕಲಬುರಗಿಯಲ್ಲಿ ನಿಮ್ಮ ನೆನಪಿಗೆಂದು ನಿಮ್ಮದೇ ಸಿನಿಮಾ ತೋರಿಸಿದರು. ಬೇರೆಯವರಿಗೆ ಎಷ್ಟೋ ಚಿತ್ರಕಥೆ ಬರೆದುಕೊಟ್ಟಿರಿ. ನೀವೇ ಬರೆದು ನಿರ್ಮಿಸಿದ್ದು ಇದೊಂದೇ. ಬಿಡುಗಡೆಯಾದಾಗ ಒಂದು ವಾರವೂ ಓಡಲಿಲ್ಲವಂತೆ. ನಿನ್ನೆ ಮಾತ್ರ ಜಾಗ ಸಾಲದೆ ಜನ ನಿಂತೂ ನೋಡಿದರು. ಅವ್ವನನ್ನು ಕಮಲಾಪುರದಿಂದ ನಾನೇ ಕರೆದುಕೊಂಡು ಹೋಗಿದ್ದೆ. ಅವಳು ನಿಮ್ಮ ಯಾವ ಸಿನಿಮಾವನ್ನೂ ನೋಡಿರಲಿಲ್ಲ.

ಅದರಲ್ಲಿ, ನಿಮ್ಮಂತೆಯೇ ಸಿನಿಮಾದ ಹುಚ್ಚಿಗೆ ಮನೆ ಬಿಟ್ಟ ಗಂಡ ವರ್ಷಗಳ ಮೇಲೆ ಒಂದು ರಾತ್ರಿ ಮರಳಿ ಬಂದು ಬಾಗಿಲು ಬಡಿಯುತ್ತಾನೆ. ಒಳಗೆ ಎಚ್ಚರವಿದ್ದರೂ ಹೆಂಡತಿ ತೆಗೆಯುವುದಿಲ್ಲ. ಅವನು ತಿರುಗಿ ನಡೆದಾಗ ನಾನೂ ಅತ್ತೆ. ಹಿಂದೆ ಕೂತವರೊಬ್ಬರು, "ಎಂಥಾ ಕಲ್ಲು ಮನಸಿನ ಹೆಂಗಸರೀ ಈಕಿ!" ಎಂದರು.

ಅವ್ವ ನನ್ನ ಕೈ ಹಿಡಿದಳು. "ಇವರು ಯಾವಾಗ ಬಂದಿದ್ರವಾ? ನಾ ಕೇಳಿದ್ರ ತಗೀತಿರಲಿಲ್ಲೇನು?"

ನಿಜವಾಗಿ ಬಂದಿದ್ದಿರಾ? ಅಥವಾ ಬರಲಾರದೆ ಬರೆದಿರಾ? ಆಗ ನಾನು ತೀರ ಚಿಕ್ಕವಳು. ನಾನು ಅವ್ವನನ್ನು ನಂಬುತ್ತೇನೆ. ಆದರೆ ಬಾಗಿಲ ಮುಂದೆ ನಿಂತವನನ್ನೂ ನಂಬಿಯೇ ಅತ್ತಿದ್ದೆ.

ಕೊನೆಗೆ ಅವ್ವನಿಗೆ ಶಾಲು ಹೊದಿಸಿ ಮೈಕು ಕೊಟ್ಟರು. ಎಲ್ಲರೆದುರು ಅದನ್ನೇ ಕೇಳಿಬಿಟ್ಟಾಳೆಂದು ನನಗೆ ಗಾಬರಿಯಾಯಿತು. "ಭಾಳ ಛಲೋ ಬರದಾರ್ರಿ," ಎಂದಷ್ಟೇ ಹೇಳಿ ಕೂತಳು.

ಕಮಲಾಪುರದ ಬಸ್ಸಿನಲ್ಲಿ ಶಾಲು ಮಡಚುತ್ತಾ, ಮೆಲ್ಲಗೆ, "ಅವತ್ತು ನನಗ ನಿದ್ದಿ ಹತ್ತಿತ್ತೇನೋ," ಎಂದಳು.

ಅವಳಿಗೆ ಏನು ಹೇಳಲಿ ಅಪ್ಪಾ? ನೀವು ಬಂದಿದ್ದಿರಿ ಎನ್ನಲೇ, ಬರಲೇ ಇಲ್ಲ ಎನ್ನಲೇ?