ಮೇಲೆದ್ದ ಹೆಬ್ಬೆರಳು

ಕ್ಲೀವ್‌ಲ್ಯಾಂಡ್
ಗುರುವಾರ, ನವೆಂಬರ್ ೧೪

ಪ್ರೀತಿಯ ರೂಬೆನ್,

ಒಂದು ವಿಷಯವನ್ನು ನಿನಗೆ ಹೇಳದೆಯೇ ಬಿಡಬೇಕೆಂದಿದ್ದೆ. ಅದಕ್ಕೇ ಈ ವಾರ ನಿನ್ನ ಫೋನ್ ಎತ್ತಲಿಲ್ಲ, ಬೇಸರ ಮಾಡಿಕೊಳ್ಳಬೇಡ. ಹೋದ ಭಾನುವಾರ ಫುಟ್‌ಬಾಲ್ ಕ್ರೀಡಾಂಗಣದಲ್ಲಿ ನಾನು ರೆಕಾರ್ಡ್ ಮಾಡಿದ ಜನರ ಅಬ್ಬರವನ್ನು ಕಳಿಸು, ಪಂದ್ಯಕ್ಕೆ ಮುಂಚೆ ನಿಮ್ಮ ಕಾಲೇಜು ತಂಡಕ್ಕೆ ಕೇಳಿಸಬೇಕು ಎಂದು ಮೆಸೇಜ್ ಮಾಡಿದ್ದೆಯಲ್ಲ. ಕಳಿಸಲೋ ಬೇಡವೋ ತಿಳಿಯದೆ ಕುಳಿತಿದ್ದೇನೆ.

ಅವತ್ತು ಬೆಳಿಗ್ಗೆ ಎಲ್ಲ ಎಂದಿನಂತೆಯೇ ಇತ್ತು. ಪಾರ್ಕಿಂಗ್ ಜಾಗದ ತುಂಬ ಸಾಸೇಜ್ ಸುಡುವ ಹೊಗೆ, ಸರೋವರದ ಕೊರೆಯುವ ಗಾಳಿ. ಮುಖಕ್ಕೆ ಊರ ತಂಡದ ಕಿತ್ತಳೆ ಬಣ್ಣ ಬಳಿದುಕೊಂಡ ಹೆಂಗಸೊಬ್ಬಳು ನನ್ನ ಮೈಕ್ ನೋಡಿ, “ನಾವು ಸೋಲೋ ಸದ್ದು ನಿನ್ ಹತ್ರ ಚೀಲದ ತುಂಬ ಇರ್ಬೇಕಲ್ಲಕ್ಕ, ಇನ್ನೂ ಸಾಲ್ದಾ?” ಎಂದಳು. ಅದನ್ನೂ ಹಿಡಿದಿಟ್ಟುಕೊಂಡೆ. ನಾವು ತೆಗೆಯುತ್ತಿರುವ ಸಾಕ್ಷ್ಯಚಿತ್ರಕ್ಕೆ ಇಂಥದ್ದೇ ಬೇಕು.

ಆಟದ ಮೂರನೇ ಭಾಗದಲ್ಲಿ ಊರ ತಂಡದ ಅಮೋಸ್ ಪ್ರೂವಿಟ್ ಬಿದ್ದ, ಏಳಲಿಲ್ಲ. ಆಟಗಾರರು ಮಂಡಿಯೂರಿದರು, ಇಡೀ ಕ್ರೀಡಾಂಗಣ ಉಸಿರು ಹಿಡಿದು ಕೂತಿತು. ಮುಂದಿನದು ನಿನಗೆ ಗೊತ್ತೇ ಇದೆ: ಸ್ಟ್ರೆಚರ್‌ನಲ್ಲಿ ಹೊತ್ತೊಯ್ಯುವಾಗ ಬಿದ್ದವನು ತಾನು ಚೆನ್ನಾಗಿದ್ದೇನೆಂದು ಹೆಬ್ಬೆರಳು ಎತ್ತುತ್ತಾನೆ, ಜನ ಎದ್ದು ಕೂಗುತ್ತಾರೆ, ಆಟ ಮುಂದುವರಿಯುತ್ತದೆ. ಆ ಕೂಗಿಗಾಗಿಯೇ ಮೈದಾನದ ಗೆರೆಯಾಚೆ ನಿಂತು, ದೂರದ ದನಿಯನ್ನೂ ಸೆಳೆಯುವ ಆ ತಟ್ಟೆಯಂಥ ಮೈಕನ್ನು ಅವನತ್ತ ಹಿಡಿದಿದ್ದೆ. ಮೊದಲು ಕಿವಿಗೆ ಬಿದ್ದದ್ದು ಅವನ ಮಾತು. ಪಕ್ಕದಲ್ಲಿ ನಡೆಯುತ್ತಿದ್ದ ತಂಡದ ಜೊತೆಗಾರನಿಗೆ ಹೇಳುತ್ತಿದ್ದ:

“ಕೈ ಏಳ್ತಿಲ್ಲ ಕಣೋ. ಅಮ್ಮ ಟೀವೀಲಿ ನೋಡ್ತಿರ್ತಾಳೆ. ನೀನೇ ಎತ್ತಿಬಿಡು.”

ಜೊತೆಗಾರ ಭುಜ ತಟ್ಟುವವನಂತೆ ಬಾಗಿ, ಅವನ ಬೆರಳುಗಳನ್ನು ಮಡಚಿ, ಹೆಬ್ಬೆರಳೊಂದನ್ನು ನೆಟ್ಟಗೆ ಮಾಡಿ, ಮೊಣಕೈಯನ್ನು ಕೆಳಗಿನಿಂದ ಮೇಲಕ್ಕೆತ್ತಿದ. ಆಗ ಎದ್ದ ಅಬ್ಬರಕ್ಕೆ ನನ್ನ ಕಾಲ ಕೆಳಗಿನ ನೆಲ ನಡುಗಿತು. ನೀನು ಕಳಿಸು ಎಂದದ್ದು ಆ ಅಬ್ಬರವನ್ನೇ.

ನಮ್ಮ ಚಿತ್ರತಂಡದ ಮುಖ್ಯಸ್ಥ ವರ್ನ್‌ಗೆ ಅದನ್ನೆಲ್ಲ ಹಾಕಿ ಕೇಳಿಸಿದೆ. ಹೆಡ್‌ಫೋನ್ ತೆಗೆದು ನನ್ನ ಕೈಗಿಟ್ಟು, “ಮಾತು ತೆಗಿ, ಅಬ್ಬರ ಇಟ್ಕೊ. ಇದನ್ನ ಅವನ ತಾಯಿಗೆ ಕೇಳ್ಸೋದಾ, ನೀನೇ ಹೇಳು,” ಎಂದ. ನಾನೇ ಕತ್ತರಿಸಿದೆ. ದಯೆಯಿಂದಲೋ, ಕೆಲಸವೆಂದೋ, ಇನ್ನೂ ಗೊತ್ತಾಗುತ್ತಿಲ್ಲ. ಕೂಗಿದವರ ಸಂತೋಷವಂತೂ ಸುಳ್ಳಲ್ಲ. ಅವನ ಕೈಯ ಬಗ್ಗೆ ಆಸ್ಪತ್ರೆಯವರು ಇನ್ನೂ ಏನೂ ಹೇಳಿಲ್ಲ.

ಹೊತ್ತಿಗೆ ಸರಿಯಾಗಿ ಉಣ್ಣು. ಮಂಡಿಗೆ ಐಸ್ ಇಡುವುದನ್ನು ಮರೆಯಬೇಡ. ದೇವರು ನಿನ್ನ ಮೈ ಕಾಯಲಿ.

ನಿನ್ನ
ಅಮ್ಮ

ತಾ.ಕ.: ಆಟ ಬಿಡು ಎಂದರೆ ನೀನು ಬಿಡುವುದಿಲ್ಲ, ಕೇಳಿ ಸೋತಿದ್ದೇನೆ. ಸೆಪ್ಟೆಂಬರ್‌ನ ಪಂದ್ಯದಲ್ಲಿ ನೀನೂ ಬಿದ್ದಿದ್ದೆ. ಹೊತ್ತೊಯ್ಯುವಾಗ ನಿನ್ನ ಹೆಬ್ಬೆರಳು ಮೇಲಿತ್ತು. ಕಂಪ್ಯೂಟರಿನಲ್ಲಿ ಅದನ್ನು ನೋಡಿದವಳೇ ಸಮಾಧಾನದಿಂದ ಅಡುಗೆಮನೆಗೆ ಹೋಗಿ ಕಾಫಿ ಬೆರೆಸಿಕೊಂಡೆ. ಮಾರನೆಯ ದಿನ ನೀನೂ ಏನೂ ಆಗಿಲ್ಲ ಎಂದೆ. ಅವತ್ತು ನಿನ್ನ ಕೈ ಎತ್ತಿದ್ದು ಯಾರು, ರೂಬೆನ್?

ಸೋಮವಾರ, ನವೆಂಬರ್ ೧೮: ನಾಲ್ಕು ದಿನ ಇಟ್ಟುಕೊಂಡಿದ್ದ ಈ ಕಾಗದವನ್ನು ಇವತ್ತು ಅಂಚೆಗೆ ಹಾಕುತ್ತಿದ್ದೇನೆ.